ನಮ್ಮೂರಾಗ ಬರೆದ ಕಾಲದ ಮಾಯಾಪುಸ್ತಕ

ಹಾಸ್ಟೆಲ್‌ನಲ್ಲಿ ರಾತ್ರಿ ಹನ್ನೊಂದರ ಮೇಲೆ ಶುರುವಾಗುವ ಚರ್ಚೆಗಳು ನಿಮಗೂ ಗೊತ್ತು. ಸೆಮಿಸ್ಟರ್ ಪರೀಕ್ಷೆ ಎದುರಿಗಿದ್ದರೂ ಮಾತು ಮಾತ್ರ ಯಾವುದೋ ಫ್ಯಾಂಟಸಿ ಸೀರೀಸಿಗೇ ಹೋಗಿ ನಿಲ್ತದ. ಅದರಾಗ ಒಂದು ಹಳೇ ಗ್ರಂಥ ಇರಲೇಬೇಕು. ಅದನ್ನು ತೆರೆದವನು ಕಾಲವನ್ನು ನಿಲ್ಲಿಸ್ತಾನ, ಹಿಂದಕ್ಕ ತಿರುಗಿಸ್ತಾನ, ಮುಂದ ಆಗೋದನ್ನ ಇವತ್ತೇ ನೋಡ್ತಾನ. "ಇಂಥಾ ಪುಸ್ತಕ ಒಂದು ನಮಗ ಸಿಕ್ರ ಬ್ಯಾಕ್‌ಲಾಗ್ ಎಲ್ಲಾ ಕ್ಲಿಯರ್" ಅಂತ ಒಬ್ಬ ಅಂದ, ಎಲ್ಲರೂ ನಕ್ಕೆವು.

ಆಮೇಲೆ ನಮ್ಮ ಕನ್ನಡ ಸಂಘದವರಿಗೆ ತಿಳಿದದ್ದು, ಅಂಥಾ ಆಸೆಯಿಂದಲೇ ಬರೆದ ಒಂದು ಪುಸ್ತಕ ಖರೇನ ಐತಿ, ಅದೂ ನಮ್ಮ ವಿಜಯಪುರದ್ದೇ, ಅಂತ. ಗಗನ್ ಮಹಲಿನ ಮುಂದೆ ಸೆಲ್ಫಿ ತಕ್ಕೊಂಡು ಬರೋ ನಮಗೆ ಅದರ ಹೆಸರೂ ಗೊತ್ತಿರಲಿಲ್ಲ. ಆ ಪುಸ್ತಕದಲ್ಲಿ ಏನಿದೆ, ಅದರ ಕಾಲದ ಲೆಕ್ಕ ಹೆಂಗ ನಡೀತದ, ಅದರಾಗ ಯಾವುದನ್ನ ಇಟ್ಕೋಬೇಕು, ಯಾವುದನ್ನ ಬಿಡಬೇಕು ಅನ್ನೋದನ್ನು ಎಂಜಿನಿಯರಿಂಗ್ ವಿದ್ಯಾರ್ಥಿಗಳ ಕಣ್ಣಿನಿಂದ ಹೇಳೋದು ಈ ಲೇಖನದ ಕೆಲಸ.

ಪುಸ್ತಕದ ಪರಿಚಯ

ಹೆಸರು 'ನುಜೂಮ್ ಅಲ್-ಉಲೂಮ್'. ಅಂದರೆ 'ವಿದ್ಯೆಗಳ ನಕ್ಷತ್ರಗಳು'. ಭಾಷೆ ಪಾರಸಿ. ಕಾಲ 1570. ಆಗ ಇಲ್ಲಿ ಆಳುತ್ತಿದ್ದವನು ಒಂದನೇ ಅಲಿ ಆದಿಲ್ ಶಾಹ. 1565ರ ಜನವರಿಯಲ್ಲಿ ತಾಳಿಕೋಟೆ ಯುದ್ಧದಲ್ಲಿ ವಿಜಯನಗರದ ವಿರುದ್ಧ ನಿಂತ ಸುಲ್ತಾನರಲ್ಲಿ ಒಬ್ಬ. ನಮ್ಮ ಊರಿನ ಕೋಟೆಗೋಡೆ, ಗಗನ್ ಮಹಲ್ ಅವನ ಕಾಲದವು. ಯುದ್ಧ ಮುಗಿದ ಐದು ವರ್ಷಕ್ಕೆ ಈ ಗ್ರಂಥ ತಯಾರಾಯಿತು.

ಅದರಲ್ಲಿ 876 ಚಿತ್ರಗಳಿವೆ. ಗ್ರಹಗಳು, ರಾಶಿಗಳು, ಏಳು ಅಂತಸ್ತಿನ ಒಂದು ಸಿಂಹಾಸನ, ಆನೆ, ಕುದುರೆ, ಆಯುಧಗಳು, ಮಂತ್ರದ ಯಂತ್ರಗಳು. ಎಲ್ಲಕ್ಕಿಂತ ವಿಚಿತ್ರ ಅಂದರೆ 'ರೂಹಾನಿ'ಗಳು. ಇವು ಭೂಮಿಯ ಶಕ್ತಿಗಳು, ಹೆಣ್ಣಿನ ರೂಪದಲ್ಲಿವೆ, ನಮ್ಮ ಕಡೆಯ ಯೋಗಿನಿಯರನ್ನು ನೆನಪಿಸುತ್ತವೆ. ಸರಿಯಾದ ಹೊತ್ತಿಗೆ ಸರಿಯಾದ ವಿಧಿ ಮಾಡಿದರೆ ಇವರು ಒಲಿಯುತ್ತಾರೆ, ರಾಜ್ಯ ಉಳಿಯುತ್ತದೆ, ವೈರಿ ಸೋಲುತ್ತಾನೆ ಅನ್ನೋದು ನಂಬಿಕೆ. ಅಂದರೆ ಇಡೀ ಗ್ರಂಥದ ಕೀಲಿ ಒಂದೇ: ಸರಿಯಾದ ಹೊತ್ತು. ಇಸ್ಲಾಮಿ ಜ್ಯೋತಿಷ್ಯ ಮತ್ತು ಇಲ್ಲಿಯ ತಂತ್ರ ಎರಡೂ ಒಂದೇ ರಟ್ಟಿನೊಳಗೆ ಕುಳಿತಿವೆ.

ಬರೆದವರು ಯಾರು ಅನ್ನೋದು ಬಹಳ ದಿನ ಪ್ರಶ್ನೆಯಾಗಿತ್ತು. ಸ್ವತಃ ಅಲಿ ಆದಿಲ್ ಶಾಹನೇ ಇದರ ಕರ್ತೃ ಎಂದು ಇತಿಹಾಸಕಾರ್ತಿ ಎಮ್ಮಾ ಫ್ಲಾಟ್ ವಾದಿಸಿದ್ದಾರೆ. ಅವನಿಗೆ ಪುಸ್ತಕದ ಹುಚ್ಚು ಇದ್ದದ್ದಂತೂ ಖರೆ. ಅವನ ಗ್ರಂಥಾಲಯದಲ್ಲಿ ಲಿಪಿಕಾರರು, ಬಂಗಾರದ ಕೆಲಸದವರು, ರಟ್ಟು ಕಟ್ಟುವವರು ಸೇರಿ ಸುಮಾರು 60 ಜನ ದಿನಾ ದುಡೀತಿದ್ದರು ಅಂತ ಆ ಕಾಲದ ಇತಿಹಾಸಕಾರ ರಫೀಉದ್ದೀನ್ ಶಿರಾಜಿ ಬರೆದಿಟ್ಟಿದ್ದಾನೆ.

ಯೋಚನೆ ಮಾಡಿ ನೋಡ್ರಿ. ಒಬ್ಬ ರಾಜ. ಸುತ್ತ ನಾಲ್ಕು ಕಡೆ ವೈರಿಗಳು. ಇಂದು ಗೆಳೆಯನಾದವನು ನಾಳೆ ಯುದ್ಧಕ್ಕೆ ಬರ್ತಾನ. ಯಾವ ದಿನ ದಂಡು ಹೊರಡಬೇಕು, ಯಾವ ಹೊತ್ತಿಗೆ ಕೋಟೆಗೆ ಲಗ್ಗೆ ಹಾಕಬೇಕು ಅನ್ನೋ ಪ್ರಶ್ನೆಗೆ ಸಾವಿರಾರು ಜನರ ಜೀವ ಕಟ್ಟಿಕೊಂಡಿದೆ. ಅಂಥವನಿಗೆ ಕಾಲದ ಪುಸ್ತಕ ಬೇಕಾಗಿದ್ದರಲ್ಲಿ ಆಶ್ಚರ್ಯ ಇಲ್ಲ.

ಎಂಜಿನ್ ಒಳಗೆ: ಏಳರ ಲೆಕ್ಕ

ಈ ಬಗೆಯ ಜ್ಯೋತಿಷ್ಯದಲ್ಲಿ, ಪಾರಸಿಯಲ್ಲಿರಲಿ ಸಂಸ್ಕೃತದಲ್ಲಿರಲಿ, 'ಹೋರೆ' ಅನ್ನೋದು ಒಂದು ಮುಖ್ಯ ಭಾಗ. ಗ್ರೀಕರ 'ಹೋರಾ', ನಮ್ಮ ಪಂಚಾಂಗದ 'ಹೋರಾ', ಇಂಗ್ಲಿಷಿನ 'ಅವರ್' ಮೂರೂ ಒಂದೇ ಬೇರಿನವು. ದಿನಕ್ಕೆ 24 ಹೋರೆ, ಪ್ರತಿ ಹೋರೆಗೂ ಒಬ್ಬ ಗ್ರಹ ಒಡೆಯ.

ಯಾವ ಹೋರೆಗೆ ಯಾವ ಗ್ರಹ? ಆಕಾಶದಲ್ಲಿ ನಿಧಾನಕ್ಕೆ ಚಲಿಸುವ ಗ್ರಹದಿಂದ ಬೇಗ ಚಲಿಸುವ ಗ್ರಹದ ಕಡೆಗೆ ಸಾಲಾಗಿ ನಿಲ್ಲಿಸ್ರಿ. ಶನಿಗೆ ಒಂದು ಸುತ್ತಿಗೆ ಸುಮಾರು 29 ವರ್ಷ ಬೇಕು, ಚಂದ್ರನಿಗೆ 27 ದಿನ ಸಾಕು. ಸೊನ್ನೆಯಿಂದ ನಂಬರ್ ಕೊಡೋಣ, ನಮಗ ಅರೇ ಇಂಡೆಕ್ಸ್ ಸೊನ್ನೆಯಿಂದಲೇ ರೂಢಿ:

ಶನಿ 0, ಗುರು 1, ಮಂಗಳ 2, ಸೂರ್ಯ 3, ಶುಕ್ರ 4, ಬುಧ 5, ಚಂದ್ರ 6.

ಶನಿವಾರ ಸೂರ್ಯೋದಯದ ಮೊದಲ ಹೋರೆ ಶನಿಯದು. ಎರಡನೆಯದು ಗುರುವಿನದು, ಮೂರನೆಯದು ಮಂಗಳನದು. ಹೀಗೆ ಏಳು ಮುಗಿದ ಮೇಲೆ ಮತ್ತೆ ಶನಿ. 24 ಹೋರೆ ಮುಗಿದು ಮರುದಿನದ ಮೊದಲ ಹೋರೆ ಯಾರದು? 24ನ್ನು 7ರಿಂದ ಭಾಗಿಸಿದರೆ ಶೇಷ 3. ಶನಿಯಿಂದ ಮೂರು ಮನೆ ಮುಂದೆ ಹೋದರೆ ಸೂರ್ಯ. ಆ ದಿನ ಆದಿತ್ಯವಾರ, ನಮ್ಮ ಕಡೆ ಐತವಾರ. ಮತ್ತೆ ಮೂರು ಮನೆ ಮುಂದೆ ಚಂದ್ರ, ಸೋಮವಾರ. ಮತ್ತೆ ಮೂರು, ಮಂಗಳ. ಮತ್ತೆ ಮೂರು, ಬುಧ. ಆಮೇಲೆ ಗುರು, ಆಮೇಲೆ ಶುಕ್ರ, ತಿರುಗಿ ಶನಿ.

ಅಂದರೆ ವಾರದ ಏಳು ದಿನ ಈ ಕ್ರಮದಲ್ಲೇ ಯಾಕೆ ಬರ್ತಾವ ಅನ್ನೋದಕ್ಕೆ ಉತ್ತರ ಆಕಾಶದಾಗ ಇಲ್ಲ, ಶೇಷದ ಲೆಕ್ಕದಾಗ ಐತಿ. 3 ಮತ್ತು 7ಕ್ಕೆ ಒಂದು ಬಿಟ್ಟರೆ ಬೇರೆ ಸಾಮಾನ್ಯ ಭಾಜಕ ಇಲ್ಲ, ಹಂಗಾಗಿ ಯಾವ ಗ್ರಹವೂ ತಪ್ಪದಂತೆ ಏಳಕ್ಕೂ ಒಂದೊಂದು ದಿನ ಸಿಗ್ತದ. ಇಡೀ ವ್ಯವಸ್ಥೆಯನ್ನು ಒಂದೇ ಸಾಲಿನ ಕೋಡಿನಲ್ಲಿ ಬರೀಬಹುದು:

ಗ್ರಹ = (3 × ದಿನ + ಹೋರೆ) ಮಾಡ್ 7

ಶನಿವಾರವನ್ನು ದಿನ 0 ಅಂತ, ಸೂರ್ಯೋದಯದ ಹೋರೆಯನ್ನು 0 ಅಂತ ಹಿಡೀಬೇಕು. ಸೋಮವಾರ ಮುಂಜಾನೆ ಹತ್ತಕ್ಕೆ ನಿಮ್ಮ ಪರೀಕ್ಷೆ ಇದೆ ಅನ್ನೋಣ. ಸೂರ್ಯ ಆರಕ್ಕೆ ಹುಟ್ಟಿದರೆ ಅದು ಹೋರೆ 4. ದಿನ 2. ಮೂರೆರಡ್ಲಿ ಆರು, ಆರಕ್ಕೆ ನಾಲ್ಕು ಕೂಡಿಸಿದರೆ ಹತ್ತು, ಏಳು ತೆಗೆದರೆ ಮೂರು. ಸೂರ್ಯನ ಹೋರೆ. ರಾಜನ ಕೆಲಸಕ್ಕೆ ಒಳ್ಳೇದಂತ. ಪೇಪರ್ ಸೆಟ್ ಮಾಡಿದವರಿಗೆ ಇದು ಗೊತ್ತಿಲ್ಲ, ಅದು ಬೇರೆ ಮಾತು.

ಹೋರೆಯ ಉದ್ದ

ಇನ್ನೊಂದು ಸ್ವಾರಸ್ಯ ಇದೆ. ಹಳೇ ಪದ್ಧತಿಯಲ್ಲಿ ಹೋರೆ ಅಂದರೆ 60 ನಿಮಿಷ ಅಲ್ಲ. ಸೂರ್ಯೋದಯದಿಂದ ಸೂರ್ಯಾಸ್ತದವರೆಗಿನ ಹಗಲನ್ನು 12 ಭಾಗ ಮಾಡಬೇಕು, ರಾತ್ರಿಯನ್ನು ಇನ್ನೊಂದು 12 ಭಾಗ. ನಮ್ಮ ವಿಜಯಪುರ ಸುಮಾರು 16.8 ಡಿಗ್ರಿ ಉತ್ತರ ಅಕ್ಷಾಂಶದಲ್ಲಿದೆ. ಜೂನ್ ಕೊನೆಗೆ ಇಲ್ಲಿ ಹಗಲು ಸುಮಾರು 13 ತಾಸು, ಹೋರೆಗೆ 65 ನಿಮಿಷ. ಡಿಸೆಂಬರಿನಲ್ಲಿ ಹಗಲು 11 ತಾಸು, ಹೋರೆಗೆ 55 ನಿಮಿಷ. ಹತ್ತು ನಿಮಿಷದ ವ್ಯತ್ಯಾಸ, ಅಷ್ಟೇ.

ಈಗ ಆ ಪುಸ್ತಕ ಎಲ್ಲಿದೆ ಕೇಳ್ರಿ. ಐರ್ಲೆಂಡಿನ ಡಬ್ಲಿನ್ ನಗರದ ಚೆಸ್ಟರ್ ಬೀಟಿ ಗ್ರಂಥಾಲಯದಲ್ಲಿ. ಆಲ್ಫ್ರೆಡ್ ಚೆಸ್ಟರ್ ಬೀಟಿ ಅಮೆರಿಕದ ಗಣಿ ಎಂಜಿನಿಯರ್. ಗಣಿಗಾರಿಕೆಯಲ್ಲಿ ಗಳಿಸಿದ ದುಡ್ಡಿನಿಂದ ಜಗತ್ತಿನ ಹಸ್ತಪ್ರತಿಗಳನ್ನು ಕೊಂಡ, 1950ರಲ್ಲಿ ಡಬ್ಲಿನ್ನಿಗೆ ಹೋಗಿ ನೆಲೆಸಿದ, 1968ರಲ್ಲಿ ತೀರಿಕೊಳ್ಳುವಾಗ ಸಂಗ್ರಹವನ್ನು ಅಲ್ಲಿಯ ಜನರಿಗೆ ಬಿಟ್ಟುಹೋದ. ಡಬ್ಲಿನ್ 53 ಡಿಗ್ರಿ ಉತ್ತರದಲ್ಲಿದೆ. ಅಲ್ಲಿ ಜೂನಿನ ಹಗಲು ಸುಮಾರು 17 ತಾಸು, ಹೋರೆಗೆ 85 ನಿಮಿಷ. ಡಿಸೆಂಬರಿನ ಹಗಲು ಏಳೂವರೆ ತಾಸು, ಹೋರೆಗೆ 37 ನಿಮಿಷ. ವಿಜಯಪುರದಾಗ ಬರೆದ ಕಾಲದ ಪುಸ್ತಕ ಈಗ ತನ್ನ ಹೋರೆಗಳೇ ಹಿಗ್ಗಿ ಕುಗ್ಗುವ ಊರಾಗ ಕುಂತದ. ಗ್ರಹಗಳ ಒಡೆತನ ಅನ್ನೋದು ನಿಂತ ನೆಲದ ಅಕ್ಷಾಂಶದ ಮೇಲೆ ಇಷ್ಟು ಅವಲಂಬಿಸಿದ್ದರೆ, ಅದು ಗ್ರಹದ ಗುಣವೋ ನಮ್ಮ ಎಣಿಕೆಯ ಗುಣವೋ? ನಮಗೆ ಮೊದಲು ಸಂಶಯ ಬಂದದ್ದು ಈ ಲೆಕ್ಕ ಮಾಡುವಾಗಲೇ.

ಮುತ್ತು ಬಿದ್ದ ಗಡಿಯಾರ

ಹೊತ್ತು ಬೇಕು ಅಂದರೆ ಹೊತ್ತು ಅಳೆಯುವ ಸಾಧನ ಬೇಕು. ಆಗ ಇದ್ದದ್ದು ಗಳಿಗೆ ಬಟ್ಟಲು. ತಳದಲ್ಲಿ ಸಣ್ಣ ತೂತಿರುವ ತಾಮ್ರದ ಬಟ್ಟಲನ್ನು ನೀರಿನ ಮೇಲೆ ತೇಲಿಬಿಟ್ಟರೆ ಅದು ತುಂಬಿ ಮುಳುಗಲು ಒಂದು ಗಳಿಗೆ, ಅಂದರೆ 24 ನಿಮಿಷ. ದಿನಕ್ಕೆ 60 ಗಳಿಗೆ.

ಇದರ ಜೊತೆ ಬರುವ ಲೀಲಾವತಿಯ ಕಥೆ ಎಲ್ಲರಿಗೂ ಗೊತ್ತು. ಮಗಳ ಮದುವೆಗೆ ಭಾಸ್ಕರಾಚಾರ್ಯರು ಮುಹೂರ್ತ ಲೆಕ್ಕ ಹಾಕಿ ಬಟ್ಟಲು ತೇಲಿಬಿಟ್ಟರು. ಹುಡುಗಿ ಬಗ್ಗಿ ನೋಡಿದಾಗ ಉಡುಪಿನ ಒಂದು ಮುತ್ತು ಬಟ್ಟಲಿಗೆ ಬಿದ್ದು ತೂತು ಮುಚ್ಚಿತು. ಬಟ್ಟಲು ಮುಳುಗಲೇ ಇಲ್ಲ, ಮುಹೂರ್ತ ದಾಟಿಹೋಯಿತು. ಈ ಕಥೆ ಭಾಸ್ಕರರ ಸ್ವಂತ ಬರಹದಲ್ಲಿಲ್ಲ. ಅಕ್ಬರನ ಆಸ್ಥಾನದ ಫೈಜಿ 1587ರಲ್ಲಿ 'ಲೀಲಾವತಿ'ಯನ್ನು ಪಾರಸಿಗೆ ಅನುವಾದ ಮಾಡಿದಾಗ ಅದರ ಜೊತೆ ಹಬ್ಬಿದ ಕಥೆ.

ಭಾಸ್ಕರರು ಹುಟ್ಟಿದ್ದು 1114ರಲ್ಲಿ, 'ಸಿದ್ಧಾಂತ ಶಿರೋಮಣಿ' ಬರೆದದ್ದು 1150ರಲ್ಲಿ. ತಮ್ಮ ಊರು 'ವಿಜ್ಜಡವಿಡ' ಎಂದು ಅವರು ಹೇಳಿಕೊಂಡಿದ್ದಾರೆ. ಅದು ನಮ್ಮ ವಿಜಯಪುರವೇ ಎಂದು ಕೆಲವರು, ಅಲ್ಲ ಮಹಾರಾಷ್ಟ್ರದ ಚಾಳಿಸಗಾಂವ್ ಕಡೆಯದು ಎಂದು ಇನ್ನು ಕೆಲವರು. ಆ ಕಡೆಯ ಪಾಟಣದಲ್ಲಿ ಅವರ ಮೊಮ್ಮಗ ಚಂಗದೇವನ ಶಾಸನ ಸಿಕ್ಕಿರುವುದರಿಂದ ಆ ವಾದಕ್ಕೂ ಬಲ ಇದೆ. ಊರಿನ ಅಭಿಮಾನಕ್ಕಾಗಿ ನಾವು ತೀರ್ಪು ಕೊಡೋದಿಲ್ಲ. ಆದರೆ ಕಥೆಯಲ್ಲಿ ಎಂಜಿನಿಯರಿಗೆ ಒಂದು ಪಾಠ ಇದೆ. ಅಲ್ಲಿ ಕೆಟ್ಟದ್ದು ಗ್ರಹ ಅಲ್ಲ, ಸಾಧನ. ಎರಡನೇ ಬಟ್ಟಲು ಒಂದು ಪಕ್ಕದಲ್ಲಿ ಇಟ್ಟಿದ್ದರೆ ಕಥೆಯೇ ಇರುತ್ತಿರಲಿಲ್ಲ. ಲ್ಯಾಬಿನಲ್ಲಿ ಮೂರು ಸಲ ರೀಡಿಂಗ್ ತಗೊಳ್ಳಿ ಅಂತ ಸರ್ ಹೇಳಿದಾಗ ಬೇಜಾರು ಮಾಡ್ಕೋಬ್ಯಾಡ್ರಿ.

ಬಬಲೇಶ್ವರದ ಕಾಲಜ್ಞಾನ

ಸುಲ್ತಾನನ ಪುಸ್ತಕ ಡಬ್ಲಿನ್ನಿಗೆ ಹೋಯಿತು. ಆದರೆ ಕಾಲದ ಪುಸ್ತಕ ಅನ್ನೋ ಕಲ್ಪನೆ ನಮ್ಮ ಜಿಲ್ಲೆಯನ್ನು ಬಿಟ್ಟು ಹೋಗಿಲ್ಲ. ಅದು ಜನರ ಬಾಯಲ್ಲಿ 'ಕಾಲಜ್ಞಾನ' ಆಗಿ ಉಳಿದಿದೆ. ಕನ್ನಡದಲ್ಲಿ ಕಾಲಜ್ಞಾನದ ಪರಂಪರೆ ದೊಡ್ಡದು, ಕೊಡೇಕಲ್ ಬಸವಣ್ಣನವರ ಹೆಸರು ಅದರಲ್ಲಿ ಪ್ರಸಿದ್ಧ. ನಮಗೆ ಹತ್ತಿರದ್ದು ಅಂದರೆ ಬಬಲೇಶ್ವರ ತಾಲ್ಲೂಕಿನ ಬಬಲಾದಿ. ಕೃಷ್ಣಾ ದಂಡೆಯ ಈ ಊರಿನ ಸದಾಶಿವ ಮುತ್ಯಾನ ಮಠದಲ್ಲಿ ಶಿವರಾತ್ರಿ ಜಾತ್ರೆಯ ಹೊತ್ತಿಗೆ ಕಾಲಜ್ಞಾನ ಕೇಳಲು ಜನ ಸೇರ್ತಾರ. ಮಳೆ ಹೆಂಗ, ಬೆಳೆ ಹೆಂಗ, ರಾಜಕೀಯ ಹೆಂಗ ಅಂತ ಕಿವಿಗೊಟ್ಟು ಕೇಳ್ತಾರ.

ಇದನ್ನು ನೋಡಿ ನಗೋದು ಸುಲಭ. ನಾವು ನಗೋದಿಲ್ಲ. ಯಾಕಂದ್ರ ಅಲ್ಲಿ ನಿಂತವರ ಪ್ರಶ್ನೆ ಸುಲ್ತಾನನ ಪ್ರಶ್ನೆಗಿಂತ ಸಣ್ಣದಲ್ಲ.

ನಮ್ಮ ಗೆಳೆಯನೊಬ್ಬ ತಿಕೋಟಾ ಕಡೆಯವ. ಮನ್ಯಾಗ ದ್ರಾಕ್ಷಿ ತೋಟ. ದ್ರಾಕ್ಷಿಗೆ ವರ್ಷಕ್ಕೆ ಎರಡು ಸಲ ಚಾಟ್ನಿ ಮಾಡ್ತಾರ, ಏಪ್ರಿಲ್ ಹೊತ್ತಿಗೆ ಒಮ್ಮೆ, ಅಕ್ಟೋಬರ್ ಹೊತ್ತಿಗೆ ಒಮ್ಮೆ. ಅಕ್ಟೋಬರ್ ಚಾಟ್ನಿ ಆದ ಸುಮಾರು ನಾಲ್ಕು ತಿಂಗಳಿಗೆ ಹಣ್ಣು. ಒಂದು ವಾರ ಮುಂಚೆ ಕತ್ತರಿಸಿದರೆ ಹೂವಿನ ಹೊತ್ತಿಗೆ ಮಳೆ ಸಿಕ್ಕು ಡೌನಿ ರೋಗ ಬರಬಹುದು. ತಡ ಮಾಡಿದರೆ ಕಟಾವು ಬೇಸಿಗೆಯ ಅಕಾಲಿಕ ಮಳೆಗೆ ಸಿಗಬಹುದು. ಒಣದ್ರಾಕ್ಷಿ ಮಾಡೋರಿಗಂತೂ ಶೆಡ್ಡಿನಲ್ಲಿ ಹಣ್ಣು ಹರವಿದ ಆ ಎರಡು ವಾರ ಉಸಿರು ಬಿಗಿಹಿಡಿದು ಕೂಡೋ ಕಾಲ. ಒಂದು ಸಂಜೆಯ ಮಳೆ, ವರ್ಷದ ದುಡ್ಡು. ಬ್ಯಾಂಕಿನ ಕಂತು, ಮಗನ ಕಾಲೇಜು ಫೀ, ಎಲ್ಲಾ ಆ ಒಂದು ತಾರೀಖಿನ ಮ್ಯಾಲ ನಿಂತಿರ್ತದ.

ಅವರ ತೋಟಕ್ಕೆ ಹೋದಾಗ ನಾವು ಕೇಳಿದೆವು: "ಕಾಕಾ, ನೀವು ಕಾಲಜ್ಞಾನ ನಂಬ್ತೀರೇನ್ರಿ?"

"ಕೇಳಾಕ ಹೋಗ್ತೀನಿ ತಮ್ಮಾ, ಮುತ್ಯಾಗ ನಮಸ್ಕಾರ ಮಾಡಿ ಬರ್ತೀನಿ. ಆದ್ರ ಚಾಟ್ನಿ ಮಾಡೂದು ಇದನ್ನ ನೋಡಿ" ಅಂದು ಗೂಡಿನಿಂದ ಒಂದು ಹಳೇ ವಹಿ ತೆಗೆದರು. ಚಾಟ್ನಿ ಮಾಡಿದ ದಿನ, ಮಳೆ ಬಿದ್ದ ದಿನ, ಔಷಧ ಹೊಡೆದ ದಿನ, ಕಟಾವಿನ ದಿನ, ಬಂದ ತೂಕ. ಹದಿನಾರು ವರ್ಷದ ಲೆಕ್ಕ. ನೀಲಿ ಪೆನ್ನು, ಕೆಲವು ಕಡೆ ಪೆನ್ಸಿಲ್, ಒಂದೆರಡು ಪುಟಕ್ಕೆ ದ್ರಾಕ್ಷಿ ರಸದ ಕಲೆ.

ಎಣಿಕೆ ಬೇರೆ, ಆಸೆ ಬೇರೆ

ಈಗ ಮುಖ್ಯ ಮಾತು. ಹಳೇ ಕಾಲದ ಪುಸ್ತಕಗಳಲ್ಲಿ ಎರಡು ಸಂಗತಿ ಒಂದೇ ದಾರದಲ್ಲಿ ಹೊಲಿದಿರುತ್ತವೆ. ಒಂದು ಎಣಿಕೆ, ಇನ್ನೊಂದು ಆಸೆ. ಅವನ್ನು ಬಿಡಿಸಿ ನೋಡೋದು ನಮ್ಮ ಕೆಲಸ.

ಎಣಿಕೆ ಕೆಲಸ ಮಾಡ್ತದ. ಮಳೆ ನಕ್ಷತ್ರಗಳನ್ನೇ ತಗೊಳ್ರಿ. ಮಿರಗ, ಆರಿದ್ರಾ, ಹುಬ್ಬಿ, ಉತ್ತರಿ ಅಂತ ನಮ್ಮ ಮನೆಯ ಹಿರಿಯರು ಎಣಿಸ್ತಾರ. ಅದು ಚಂದ್ರನ ತಿಥಿ ಅಲ್ಲ, ಸೂರ್ಯ ಯಾವ ನಕ್ಷತ್ರದಲ್ಲಿದ್ದಾನೆ ಅನ್ನೋ ಲೆಕ್ಕ. 365 ದಿನವನ್ನು 27 ನಕ್ಷತ್ರಕ್ಕೆ ಹಂಚಿದರೆ ಒಂದಕ್ಕೆ ಹದಿಮೂರೂವರೆ ದಿನ. ಜೂನ್ ಮೊದಲ ವಾರ ದಾಟಿದಾಗ ಮಿರಗ, ಸೆಪ್ಟೆಂಬರ್ ಸುತ್ತ ಹುಬ್ಬಿ, ಉತ್ತರಿ. ನಮ್ಮ ಜಿಲ್ಲೆಗೆ ಒಳ್ಳೆ ಮಳೆ ಸೆಪ್ಟೆಂಬರಿನಲ್ಲೇ, ಹಿಂಗಾರಿ ಬಿಳಿಜೋಳ ಅದನ್ನೇ ನೆಚ್ಚಿದೆ. ಸೂರ್ಯನ ಸ್ಥಾನಕ್ಕೂ ಋತುವಿಗೂ ಭೌತಿಕ ಸಂಬಂಧ ಇರೋದರಿಂದ ಈ ಪಂಚಾಂಗ ರೈತನಿಗೆ ಉಪಯೋಗ ಆಯಿತು.

ಇದಕ್ಕೂ ದೋಷ ಇದೆ. ನಕ್ಷತ್ರದ ವರ್ಷ ಋತುವಿನ ವರ್ಷಕ್ಕಿಂತ ಸುಮಾರು 20 ನಿಮಿಷ ಉದ್ದ. ಭೂಮಿಯ ಅಕ್ಷ ನಿಧಾನಕ್ಕೆ ತಿರುಗುವುದೇ ಕಾರಣ. ಹಾಗಾಗಿ ಸುಮಾರು 70 ವರ್ಷಕ್ಕೆ ಒಂದು ದಿನ ಜಾರ್ತದ. 'ನುಜೂಮ್' ಬರೆದಾಗಿನಿಂದ ಇಲ್ಲಿಯವರೆಗೆ ಆರು ದಿನಕ್ಕಿಂತ ಸ್ವಲ್ಪ ಹೆಚ್ಚು ಜಾರಿದೆ. ದೋಷ ಇದ್ದರೂ ಅದು ಎಷ್ಟು ಅಂತ ಹೇಳಬಹುದು, ತಿದ್ದಬಹುದು. ಒಳ್ಳೆ ಎಣಿಕೆಯ ಗುರುತೇ ಅದು.

ಹೋರೆಯ ಒಡೆತನಕ್ಕೆ ಹೀಗೆ ತಿದ್ದಲು ಏನೂ ಇಲ್ಲ. ಅದು ಮಾಡ್ 7ರ ಸುಂದರ ಆಟ. ಆದರೆ ಸೂರ್ಯನ ಹೋರೆಗೂ ನಿಮ್ಮ ಇಂಟರ್‌ವ್ಯೂಗೂ ನಡುವೆ ತಂತಿ ಎಲ್ಲಿದೆ? ನಮ್ಮ ಆಸೆಯೇ ಅಲ್ಲಿ ತಂತಿ.

ಬಿಡಿಸೋದು ಹೆಂಗ? ಮಠದ್ದಾಗಲಿ, ಟಿ.ವಿ.ಯದ್ದಾಗಲಿ, ಮೊಬೈಲಿನ ಹವಾಮಾನ ಆ್ಯಪಿನದ್ದಾಗಲಿ, ಯಾವುದೇ ಭವಿಷ್ಯಕ್ಕೆ ಮೂರು ಪರೀಕ್ಷೆ ಸಾಕು. ಒಂದು, ಆಗೋದಕ್ಕಿಂತ ಮೊದಲೇ ತಾರೀಖು ಹಾಕಿ ಬರೆದಿಟ್ಟದ್ದೇ? ಎರಡು, ಹೇಳಿದ್ದು ತಪ್ಪಾಗೋ ಸಾಧ್ಯತೆ ಇದೆಯೇ? "ಕೆಲವು ಕಡೆ ಮಳೆ, ಕೆಲವು ಕಡೆ ಬರ" ಅಂದರೆ ಅದು ಯಾವ ವರ್ಷವೂ ತಪ್ಪೋದಿಲ್ಲ, ಹಂಗಾಗಿ ಯಾವ ವರ್ಷಕ್ಕೂ ಉಪಯೋಗ ಇಲ್ಲ. ಮೂರು, ಹಿಟ್ ಜೊತೆ ಮಿಸ್ಸನ್ನೂ ಎಣಿಸಿದ್ದೀವೇ? ಆ್ಯಪು "ಮಳೆ ಸಾಧ್ಯತೆ ಶೇ. 70" ಅಂದ ಹತ್ತು ದಿನ ಗುರುತು ಹಾಕ್ರಿ. ಅದರಾಗ ಸುಮಾರು ಏಳು ದಿನ ಮಳೆ ಬಂದಿರಬೇಕು. ಹತ್ತಕ್ಕೆ ಹತ್ತೂ ಬಂದಿದ್ದರೂ ಆ 70 ಅನ್ನೋ ಅಂಕಿಯ ಬಗ್ಗೆ ಅನುಮಾನ ಪಡಬೇಕು. ಹತ್ತು ದಿನ ಕಡಿಮೆಯೇ, ಎರಡು ಮಳೆಗಾಲ ಬರೆದಿಟ್ಟರೆ ಉತ್ತರ ಗಟ್ಟಿ ಆಗ್ತದ.

ಕಾಕಾ ಅವರ ವಹಿ ಈ ಮೂರೂ ಪರೀಕ್ಷೆ ಪಾಸಾಗ್ತದ. ಅದರಾಗ ತಪ್ಪಿದ ವರ್ಷಗಳೂ ಇದ್ದಾವ. ಒಂದು ಪುಟದ ಕೆಳಗೆ "ಈ ಸಲ ಅವಸರ ಮಾಡಿದೆ" ಅಂತ ಬರೆದಿದ್ದರು.

ಸುಲ್ತಾನನಿಗೆ ಏನಾಯಿತು

ಎಲ್ಲಾ ಗ್ರಹಗಳ ಹೊತ್ತು ಬಲ್ಲ, ರೂಹಾನಿಗಳ ಹೆಸರು ಬಲ್ಲ ಒಂದನೇ ಅಲಿ ಆದಿಲ್ ಶಾಹ 1580ರಲ್ಲಿ ಇದೇ ಊರಿನ ಅರಮನೆಯಲ್ಲಿ ಒಬ್ಬ ಸೇವಕನ ಕೈಯಿಂದ ಕೊಲೆಯಾದ. ಪುಸ್ತಕ ಮುಗಿದು ಹತ್ತು ವರ್ಷ ಆಗಿತ್ತು. ಇದನ್ನು ಅವನನ್ನು ಹೀಯಾಳಿಸಲು ಹೇಳ್ತಿಲ್ಲ. ನಾಳೆಯನ್ನು ಹಿಡೀಬೇಕು ಅನ್ನೋ ಆಸೆ ಅವನಿಗೆ ಎಷ್ಟಿತ್ತೋ ನಮಗೂ ಅಷ್ಟೇ ಇದೆ, ಪ್ಲೇಸ್‌ಮೆಂಟ್ ಸೀಜನ್ ಬಂದಾಗ ಯಾರ ಕಿಸೆಯಲ್ಲಿ ಏನೇನು ಇರ್ತದ ಅಂತ ನಮಗೆ ಗೊತ್ತಿಲ್ಲೇನು.

ಆದರೂ ಆ ಪುಸ್ತಕ ದೊಡ್ಡದು. ನಾಳೆಯನ್ನು ಅದು ಹೇಳಲಿಲ್ಲ, ತನ್ನ ಕಾಲವನ್ನು ಮಾತ್ರ ಪೂರ್ತಿ ಹೇಳಿತು. 1570ರ ವಿಜಯಪುರದಲ್ಲಿ ಜನ ಏನು ತೊಡುತ್ತಿದ್ದರು, ಯಾವ ಆಯುಧ ಹಿಡಿಯುತ್ತಿದ್ದರು, ಯಾರನ್ನು ಪೂಜಿಸುತ್ತಿದ್ದರು, ಯಾತಕ್ಕೆ ಹೆದರುತ್ತಿದ್ದರು ಅನ್ನೋದು ಆ 876 ಚಿತ್ರಗಳಲ್ಲಿ ಉಳಿದಿದೆ. ಕಾಲವನ್ನು ನಿಲ್ಲಿಸೋ ಮಾಯೆ ಅಂದರೆ ಇಷ್ಟೇ ಇರಬೇಕು.

ಮತ್ತೆ ಅದನ್ನು ನೋಡಲು ನಾವು ಐರ್ಲೆಂಡಿನ ಕಡೆ ಮುಖ ಮಾಡಬೇಕು. ಆಸಾರ್ ಮಹಲಿನಲ್ಲಿ ಉಳಿದಿದ್ದ ಆದಿಲ್ ಶಾಹಿ ಪುಸ್ತಕಗಳೂ 19ನೇ ಶತಮಾನದಲ್ಲಿ ಲಂಡನ್ನಿಗೆ ಹೋದವು. ಹೋದದ್ದು ಹೋಯಿತು. ಆದರೆ ಮನೆ ಮನೆ ತಿರುಗಿ ವಚನದ ತಾಳೆಗರಿ ಕೂಡಿಸಿ ಅಚ್ಚು ಹಾಕಿಸಿದ ಫ.ಗು. ಹಳಕಟ್ಟಿಯವರು ಕೆಲಸ ಮಾಡಿದ್ದೂ ಇದೇ ಊರಿನಲ್ಲಿ. ಅವರು ತಡ ಮಾಡಿದ್ದರೆ ಆ ಗರಿಗಳು ಒಲೆಗೋ ಹುಳಕ್ಕೋ ಹೋಗ್ತಿದ್ದವು.

ಅದಕ್ಕೇ ಒಂದು ವಿನಂತಿ. ಈ ಸಲ ರಜೆಗೆ ಊರಿಗೆ ಹೋದಾಗ ಅಟ್ಟ, ಗೂಡು, ಟ್ರಂಕು ನೋಡ್ರಿ. ಅಜ್ಜನ ಪಂಚಾಂಗ, ಅಂಚಿನಲ್ಲಿ ಮಳೆ ಗುರುತು ಹಾಕಿದ ಕ್ಯಾಲೆಂಡರ್, ಬಿತ್ತನೆಯ ವಹಿ, ದ್ರಾಕ್ಷಿ ಲೆಕ್ಕದ ನೋಟ್‌ಬುಕ್ ಏನಾದರೂ ಸಿಕ್ಕರೆ ರದ್ದಿಗೆ ಹಾಕಬ್ಯಾಡ್ರಿ. ಮನೆಯವರನ್ನು ಕೇಳಿ ಮೊಬೈಲಿನಲ್ಲಿ ಪುಟ ಪುಟ ಫೋಟೋ ತಕ್ಕೊಂಡು ಕನ್ನಡ ಸಂಘಕ್ಕೆ ತಂದುಕೊಡ್ರಿ. ಮೂಲ ಮನ್ಯಾಗೇ ಇರಲಿ. ತಾರೀಖು, ಮಳೆ, ಬೆಳೆ ಮೂರನ್ನೂ ಒಂದು ಶೀಟಿಗೆ ಏರಿಸೋ ಕೆಲಸ ನಾವು ಮಾಡ್ತೀವಿ. ಕೋಡಿಂಗ್ ಬಲ್ಲವರು ಕೈಜೋಡಿಸಿದರೆ ಇನ್ನೂ ಚಲೋ.

ಕಾಕಾ ಅವರ ವಹಿಯ ಫೋಟೋ ನಾವು ಆಗಲೇ ತಕ್ಕೊಂಡೀವಿ. ಈ ಅಕ್ಟೋಬರಿನ ಚಾಟ್ನಿಗೆ ಒಂದು ಖಾಲಿ ಸಾಲು ಬಿಟ್ಟಾರ.